ಇಸಾರದ ರೊಕ್ಕಕ್ಕ 420 ಹಾಕ್ಯಾರ, ಹೈಕೋರ್ಟಿನಾಗ ಕೇಸ್ ಹೋಗ್ತದೇನ್ರಿ?

ಸೇಡಂ_ಹುಡುಗ
ಎಲ್ಲರಿಗೂ ಶರಣು. ಉದ್ದ ಆಗ್ತದ, ಆದ್ರೂ ಪೂರಾ ಓದ್ರಿ.

ನಮ್ಮದು ಸೇಡಂ ತಾಲ್ಲೂಕಿನ ಸಣ್ಣ ಊರು. ಅಪ್ಪನ ಪಹಣಿದಾಗ 4 ಎಕರೆ 10 ಗುಂಟೆ ಹೊಲ ಅದ. ಅದ್ರಾಗ 2 ಎಕರೆ ಮಾರೋದಂತ ಬಾಜೂ ಊರಿನವರೊಬ್ಬರ ಕೂಡ 2024 ಮಾರ್ಚ್ 18ಕ್ಕ ಸವದಾ ಆಯ್ತು. 22 ಲಕ್ಷ. ಇಸಾರ (ಮುಂಗಡ) 5 ಲಕ್ಷ ಕೊಟ್ರು, 3 ಲಕ್ಷ ಬ್ಯಾಂಕಿಗೆ, 2 ಲಕ್ಷ ಕೈಯಾಗ. ಬಾಂಡ್ ಮ್ಯಾಲ ಬರ್ದು ಆರು ತಿಂಗಳದಾಗ ರಿಜಿಸ್ಟ್ರಿ ಮಾಡಿ ಕೊಡ್ತೀವಿ ಅಂತ ಸಹಿ ಆಯ್ತು. ಆ ರೊಕ್ಕ ಅಕ್ಕನ ಮದುವಿಗೆ, ಬೋರಿಗೆ ಹೋಯ್ತು.

ಜೂನ್‌ದಾಗ ನಮ್ಮ ಇಬ್ಬರು ಸೋದರತ್ತಿಯರು ವಾಟ್ನಿ (ಆಸ್ತಿ ಪಾಲಿನ) ದಾವಾ ಹಾಕಿದ್ರು. ಹೊಲ ಪರಭಾರೆ ಮಾಡಬಾರದಂತ ತಡೆಯಾಜ್ಞೆ ಬಂತು. ರಿಜಿಸ್ಟ್ರಿ ಹ್ಯಾಂಗ ಮಾಡೋದು? ದಾವಾ ಮುಗೀಲಿ ಅಂತ ಅಪ್ಪ ಹೇಳ್ಕೋತ ಬಂದ. ಖರೀದಿದಾರರು ಒಂದು ವರ್ಷ ಕಾದ್ರು. ಈ ಅಕ್ಟೋಬರ್‌ದಾಗ ಠಾಣಾಕ್ಕ ಹೋಗಿ ಎಫ್‌ಐಆರ್ ಮಾಡ್ಯಾರ. 420, 406, 504, 506. ಅಪ್ಪಗ 61 ವಯಸ್ಸು. ಠಾಣಾದ ಮೆಟ್ಟಿಲ ಹತ್ತಿದವನಲ್ಲ. ಸ್ಟೇಷನ್‌ನವರು "ರೊಕ್ಕ ಕೊಟ್ಟು ಬಿಡು, ಇಲ್ಲಂದ್ರ ಒಳಗ ಹಾಕ್ತೀವಿ" ಅಂದಾರಂತ.

ಇದು ಸಿವಿಲ್ ವ್ಯವಹಾರ ಅಲ್ಲೇನ್ರಿ? ಹೈಕೋರ್ಟಿನ ಕಲಬುರಗಿ ಪೀಠದಾಗ ಹಾಕಿದ್ರ ಹೋಗ್ತದಂತ ಮಂದಿ ಹೇಳ್ಲತ್ತಾರ. ಖರೆ ಏನು?

ಗಂಜ್_ಅಡತಿ
ಪಕ್ಕಾ ಸಿವಿಲ್ ಅದ ತಮ್ಮಾ. ಅಂಜಬ್ಯಾಡ. ಬಯಾನಾ ತೊಗೊಂಡು ರಿಜಿಸ್ಟ್ರಿ ತಡ ಆದವರನ್ನೆಲ್ಲ 420 ಅಂದ್ರ ಅರ್ಧ ಜಿಲ್ಲಾ ಒಳಗ ಇರ್ಬೇಕಾಗ್ತದ.

ಶಹಾಪುರ_ಮಾಸ್ತರ
482 ಹಾಕ್ರಿ, ಒಂದೇ ತಾರೀಖಿಗೆ ಹಾರ್ತದ. ನಮ್ಮ ಭಾವಂದು ಹಂಗೇ ಆಗ್ಯಾದ.

ಕರಿಕೋಟು
ಮಾಸ್ತರೇ, ಯಾವ 482? 😄 ಹಳೆ ದಂಡ ಪ್ರಕ್ರಿಯಾ ಸಂಹಿತೆಯ 482 ಅಂದರೆ ಕೇಸು ರದ್ದು ಮಾಡೋ ಹೈಕೋರ್ಟಿನ ಅಂತರ್ಗತ ಅಧಿಕಾರ. 2024ರ ಜುಲೈ 1ರಿಂದ ಅದು ನಾಗರಿಕ ಸುರಕ್ಷಾ ಸಂಹಿತೆಯ 528 ಆಗಿದೆ. ಹೊಸ ಸಂಹಿತೆಯಲ್ಲಿ 482 ಅಂದರೆ ನಿರೀಕ್ಷಣಾ ಜಾಮೀನು (ಬಂಧನಕ್ಕೆ ಮುಂಚೆಯೇ ತಗೊಳ್ಳೋ ಜಾಮೀನು), ಅದು ಮೊದಲು 438 ಇತ್ತು. ಕಕ್ಷಿದಾರರು ದಿನಾ ಬಂದು "482 ಹಾಕ್ರಿ ಸಾಹೇಬ್ರೇ" ಅಂತಾರೆ. ನಾನು "ಕೇಸು ಹಾರಿಸೋದಕ್ಕೋ, ಮೈ ಉಳಿಸಿಕೊಳ್ಳೋದಕ್ಕೋ" ಅಂತ ಕೇಳಿ ಆಮೇಲೆ ಫೈಲ್ ತೆಗೀತೀನಿ.

ಸೇಡಂ ತಮ್ಮನಿಗೆ ಎರಡೂ ಬೇಕಾಗಬಹುದು. 420 ಜಾಮೀನು ರಹಿತ, ಏಳು ವರ್ಷದ ತನಕ ಶಿಕ್ಷೆ. ಆದರೆ ಏಳು ವರ್ಷದೊಳಗಿನ ಅಪರಾಧಕ್ಕೆ ಕೈಗೆ ಸಿಕ್ಕ ಕೂಡಲೇ ಬಂಧಿಸೋ ಹಾಗಿಲ್ಲ, ಮೊದಲು ಹಾಜರಾಗುವಂತೆ ನೋಟಿಸ್ ಕೊಡಬೇಕು. 2014ರ ಅರ್ನೇಶ್ ಕುಮಾರ್ ತೀರ್ಪು ಬಂದಾಗಿನಿಂದ ಇದು ಗಟ್ಟಿಯಾಗಿದೆ. ಅಪ್ಪನಿಗೆ ಲಿಖಿತ ನೋಟಿಸ್ ಬಂದಿದೆಯಾ, ಬರೀ ಫೋನಾ?

ಸೇಡಂ_ಹುಡುಗ
ಬರೀ ಫೋನ್ ಸರ್. ಮತ್ತ ಒಂದು ಮಾತು, ಎಫ್‌ಐಆರ್‌ದಾಗ 420 ಅಂತಾನೇ ಅದ. ಈಗ ಹೊಸ ಕಾಯ್ದೆದಾಗ ಅದು 318 ಆಗ್ಯಾದಂತಲ್ಲ? ತಪ್ಪು ಸೆಕ್ಷನ್ ಹಾಕ್ಯಾರಂತ ಅದನ್ನೇ ಹಿಡ್ಕೊಂಡು ಕೇಸ್ ತೆಗೆಸಬಹುದಾ?

ಕರಿಕೋಟು
ಇಲ್ಲ, ಅದು ಸರಿಯಾಗೇ ಇದೆ. ರೊಕ್ಕ ತಗೊಂಡದ್ದು 2024ರ ಮಾರ್ಚ್, ಆಗ ಹಳೇ ಐಪಿಸಿ ಜಾರಿಯಲ್ಲಿತ್ತು. ಅಪರಾಧಕ್ಕೆ ಹಳೆ ಕಾಯ್ದೆ, ತನಿಖೆ ಮತ್ತು ಕೋರ್ಟಿನ ವಿಧಾನಕ್ಕೆ ಹೊಸ ಕಾಯ್ದೆ. ಇನ್ನೂ ಕೆಲವು ವರ್ಷ ಈ ಖಿಚಡಿ ನಡೀತದೆ.

406ರ ಬಗ್ಗೆ ಹೇಳ್ತೀನಿ, ಅದು ಇಲ್ಲಿ ಕೂರೋದಿಲ್ಲ. 406 ಅಂದರೆ ನಂಬಿಕೆ ದ್ರೋಹ. ನನ್ನ ವಸ್ತು ನಿಮ್ಮ ಹತ್ತಿರ ಇಟ್ಟು "ನೋಡಿಕೋ" ಅಂದೆ, ನೀವು ಅದನ್ನ ಮಾರಿಕೊಂಡ್ರಿ, ಆಗ 406. ಮಾರಾಟದ ಇಸಾರ ಹಾಗಲ್ಲ, ಅದು ಕೊಟ್ಟ ಮೇಲೆ ಮಾರುವವನ ರೊಕ್ಕವೇ ಆಯ್ತು. 420 ಅಂದರೆ ಮೊದಲೇ ಸುಳ್ಳು ಹೇಳಿ ಕೊಡಿಸಿಕೊಂಡದ್ದು. ಒಂದೇ ವ್ಯವಹಾರಕ್ಕೆ ಎರಡನ್ನೂ ಜೋಡಿಸೋದನ್ನ ಸುಪ್ರೀಂ ಕೋರ್ಟ್ 2024ರ ಆಗಸ್ಟ್‌ನಲ್ಲಿ ದೆಹಲಿ ರೇಸ್ ಕ್ಲಬ್ ಕೇಸಿನಲ್ಲಿ ಚೆನ್ನಾಗೇ ತರಾಟೆಗೆ ತಗೊಂಡಿದೆ. ಎರಡೂ ಒಟ್ಟಿಗೆ ಇರೋದು ಸಾಧ್ಯವಿಲ್ಲ, ಪೊಲೀಸರಿಗೆ ಈ ವ್ಯತ್ಯಾಸ ಕಲಿಸಿ ಅಂತ ಬರೆದಿದೆ. ಆದರೂ ಎಫ್‌ಐಆರ್‌ಗಳಲ್ಲಿ 406, 420 ಬಾಜೂಬಾಜೂ ಕೂತೇ ಇರ್ತವೆ, ಉಪ್ಪು ಖಾರ ಹಾಕಿದ ಹಾಗೆ.

ನಿವೃತ್ತ_ಜಮಾದಾರ
ವಕೀಲ್ರ ಮಾತು ಬರೋಬ್ಬರಿ. ನಾನು ಯಾದಗಿರಿ ಕಡೆ 31 ವರ್ಷ ಇಲಾಖೆದಾಗ ಇದ್ದೆ, ಒಳಗಿನ ಕಥೆ ಹೇಳ್ತೀನಿ ಕೇಳ್ರಿ.

ರೊಕ್ಕ ಕಳ್ಕೊಂಡವ ಮೊದಲು ವಕೀಲರ ಕಡೆ ಹೋಗ್ತಾನ. ವಕೀಲ್ರು "ದಾವಾ ಹಾಕು, ಕೋರ್ಟ್ ಫೀ ಇಷ್ಟು, ಇಷ್ಟು ವರ್ಷ" ಅಂತಾರ. ಅವನಿಗೆ ಎದಿ ಒಡೀತದ. ಅಲ್ಲಿಂದ ಸೀದಾ ಠಾಣಾಕ್ಕ. ಠಾಣಾದ ಹೊರಗ ಅರ್ಜಿ ಬರೆಯವ ಕೂತಿರ್ತಾನ. ಅವನ ಕೈಯಾಗ ಒಂದು ನಮೂನಿ ಇರ್ತದ. "ಮೊದಲಿನಿಂದಲೂ ಮೋಸ ಮಾಡುವ ಉದ್ದೇಶದಿಂದ ನಂಬಿಸಿ ಹಣ ಪಡೆದು" ಅನ್ನೋದು 420ಕ್ಕ. "ಹಣ ಕೇಳಲು ಹೋದಾಗ ಅವಾಚ್ಯ ಶಬ್ದಗಳಿಂದ ಬೈದು, ಜೀವ ಬೆದರಿಕೆ ಹಾಕಿರುತ್ತಾನೆ" ಅನ್ನೋದು 504, 506ಕ್ಕ. ಬೈದಾನೋ ಇಲ್ಲೋ ಯಾರಿಗೂ ಬ್ಯಾಡ. ನಾ ನೋಡಿದ ನೂರು ಅರ್ಜಿದಾಗ ತೊಂಬತ್ತರಾಗ ಆ ಸಾಲು ಅಕ್ಷರ ತಪ್ಪದೆ ಇರ್ತಿತ್ತು.

ಆಮ್ಯಾಲ ಯಾರೋ ಒಬ್ಬ ದೊಡ್ಡವರ ಫೋನ್ ಬರ್ತದ. ಸಾಹೇಬ್ರು ಎದುರುಗಾರನ್ನ ಕರೆಸ್ತಾರ, ಬೆಂಚಿನ ಮ್ಯಾಲ ಸಂಜಿ ತನಕ ಕೂಡಿಸ್ತಾರ. ಮೂರನೇ ದಿನ ರೊಕ್ಕ ಬರ್ತದ. ದಾವಾದಾಗ ಎಂಟು ವರ್ಷಕ್ಕ ಬರೋದು ಬೆಂಚಿನ ಮ್ಯಾಲ ಮೂರು ದಿನಕ್ಕ ಬಂದ್ರ ಮಂದಿ ಎಲ್ಲಿಗೆ ಹೋಗ್ತಾರ ನೀವೇ ಹೇಳ್ರಿ. ತಪ್ಪು ಖರೆ. ನಾನೂ ಮಾಡೀನಿ.

ಗಂಜ್_ಅಡತಿ
ಜಮಾದಾರ್ ಕಾಕಾ, ನೀವು ಹೇಳಿದ್ದು ನಮ್ಮ ಗಂಜಿನಾಗ ದಿನಾ ನೋಡೋದು. ತೊಗರಿ ದಂಧಾ ಪೂರಾ ಉದ್ರಿ ಮ್ಯಾಲ ನಡೀತದ. ಮಿಲ್ಲಿನವ ಒಂಬತ್ತು ಸಲ ಲೋಡ್ ಒಯ್ದು ಹದಿನೈದು ದಿನಕ್ಕ ರೊಕ್ಕ ಕೊಟ್ಟಾನ. ಹತ್ತನೇ ಸಲ ರೇಟ್ ಬಿದ್ದು ಮುಳುಗಿದ, ಕೊಡಲಿಲ್ಲ. ಇವನ ಮ್ಯಾಲ 420 ಹಾಕಿದ್ರ ನಂಗೇ ನಾಚಿಕಿ. ಇನ್ನೊಬ್ಬ ಹೊಸಬ ಬಂದ, ಒಂದೇ ವಾರದಾಗ ಮೂರು ಅಂಗಡಿದಾಗ ಮೂರು ಲೋಡ್ ಎತ್ತಿದ, ಕೊಟ್ಟ ಚೆಕ್ಕಿನ ಖಾತಾ ಮೊದಲೇ ಬಂದ್ ಆಗಿತ್ತು, ಎಂಟನೇ ದಿನ ಶಟರ್ ಎಳೆದು ಹೋದ. ಇವ 420. ಇಬ್ಬರದೂ ಕಾಗದದ ಮ್ಯಾಲ ಒಂದೇ ಥರ ಕಾಣ್ತದ, ಮಾಲ್ ಒಯ್ದಾನ, ರೊಕ್ಕ ಕೊಟ್ಟಿಲ್ಲ.

ಕರಿಕೋಟು
ಅಡತಿ ಅಣ್ಣ, ಈ ಎರಡು ಸಾಲು ನನ್ನ ಮುಂದಿನ ವಾದಕ್ಕೆ ಕದೀತೀನಿ. ಕಾನೂನು ಹೇಳೋದೂ ಅದನ್ನೇ. ಮಾತು ಕೊಟ್ಟ ಗಳಿಗೆಯಲ್ಲಿ ಮನಸ್ಸಿನಲ್ಲಿ ಏನಿತ್ತು? 2000ನೇ ಇಸವಿಯ ಹೃದಯ ರಂಜನ್ ಪ್ರಸಾದ್ ವರ್ಮಾ ಕೇಸಿನಿಂದ ಇದೇ ಅಳತೆಗೋಲು. ಆಮೇಲೆ ಮಾತು ತಪ್ಪಿದ ಅನ್ನೋದೊಂದರಿಂದಲೇ ಮೊದಲೇ ಮೋಸ ಇತ್ತು ಅಂತ ಊಹಿಸೋ ಹಾಗಿಲ್ಲ. ಭಜನ್ ಲಾಲ್ ಕೇಸಿನಲ್ಲಿ ಎಫ್‌ಐಆರ್ ರದ್ದು ಮಾಡಬಹುದಾದ ಏಳು ಸಂದರ್ಭ ಬರೆದಿಟ್ಟಿದ್ದಾರೆ, ಅದು ಎಲ್ಲ ಅರ್ಜಿಗಳ ಎರಡನೇ ಪುಟದಲ್ಲಿ ಬರ್ತದೆ. ಇತ್ತೀಚಿನದು ಅಂದರೆ 2025ರ ಏಪ್ರಿಲ್‌ನದು, ಕಾನ್ಪುರದ ಗೋದಾಮೊಂದರ ಮಾರಾಟದ ಜಗಳ. ಅದಕ್ಕೆ ಎಫ್‌ಐಆರ್ ಹಾಕಿದ್ದಕ್ಕೆ ಸುಪ್ರೀಂ ಕೋರ್ಟ್ ಕೇಸನ್ನೂ ರದ್ದು ಮಾಡಿ, ಉತ್ತರ ಪ್ರದೇಶ ಸರ್ಕಾರಕ್ಕೆ 50,000 ರೂಪಾಯಿ ದಂಡವನ್ನೂ ಹಾಕಿತು.

ಬೀದರ್_ಅಕ್ಕ
ಎಲ್ಲರೂ ಒಂದೇ ಕಡೆ ವಾಲ್ಲತ್ತೀರಿ, ಅದಕ್ಕ ಬರೀಲತ್ತೀನಿ.

ನಾನು ಬೀದರ್ ಹತ್ತಿರ ಒಂದು ಲೇಔಟಿನಾಗ 30×40 ಪ್ಲಾಟಿಗೆ 6 ಲಕ್ಷ ಕೊಟ್ಟೆ. ಆರು ತಿಂಗಳ ಮ್ಯಾಲ ಗೊತ್ತಾಯ್ತು, ಅದೇ ಪ್ಲಾಟ್ ನನಗಿಂತ ಮೊದಲು ಇಬ್ಬರಿಗೆ ಮಾರ್ಯಾನ. ಎನ್‌ಎ (ಕೃಷಿಯೇತರ ಪರಿವರ್ತನೆ) ಸಹ ಆಗಿಲ್ಲ. ಠಾಣಾಕ್ಕ ಹೋದ್ರ ಏನಂದ್ರು ಗೊತ್ತಾ? "ಅಮ್ಮಾ, ಇದು ಸಿವಿಲ್ ಮ್ಯಾಟರ್." ಒಂದು ಹಿಂಬರಹ ಕೊಟ್ಟು ಕಳ್ಸಿದ್ರು. "ಸಿವಿಲ್ ಸ್ವರೂಪದ್ದಾಗಿರುವುದರಿಂದ ಸಕ್ಷಮ ನ್ಯಾಯಾಲಯದಲ್ಲಿ ಪರಿಹಾರ ಕಂಡುಕೊಳ್ಳಲು ತಿಳಿಸಲಾಗಿದೆ." ಆ ಕಾಗದ ಇನ್ನೂ ಇಟ್ಟೀನಿ. ಮಾರಿದವನಿಗೆ ಕೈ ಉದ್ದ ಇತ್ತು ಅನ್ನೋದು ಆಮ್ಯಾಲ ತಿಳೀತು.

ಸೇಡಂ ತಮ್ಮನ ಅಪ್ಪನ ಮ್ಯಾಲ ಸಿವಿಲ್ ಇದ್ದದ್ದು ಕ್ರಿಮಿನಲ್ ಆಯ್ತು, ನನ್ನದು ಕ್ರಿಮಿನಲ್ ಇದ್ದದ್ದು ಸಿವಿಲ್ ಆಯ್ತು. ಠಾಣಾದ ಮೇಜಿನ ಮ್ಯಾಲ ಯಾರ ಫೋನ್ ಬಂತು ಅನ್ನೋದ್ರ ಮ್ಯಾಲ ಸೆಕ್ಷನ್ ತಿರುಗ್ತದ.

ನಿವೃತ್ತ_ಜಮಾದಾರ
ನಿಮ್ಮ ಮಾತು ಸುಳ್ಳಲ್ಲ ತಂಗೀ.

ಶಹಾಪುರ_ಮಾಸ್ತರ
ಅಕ್ಕಾ, ಮುಂದ ಏನ್ ಮಾಡಿದ್ರಿ?

ಬೀದರ್_ಅಕ್ಕ
ಎಸ್‌ಪಿ ಅವರಿಗೆ ರಿಜಿಸ್ಟರ್ ಪೋಸ್ಟ್‌ದಾಗ ಫಿರ್ಯಾದಿ ಕಳ್ಸಿದೆ, ಸ್ವೀಕೃತಿ ಚೀಟಿ ಜೋಪಾನ ಮಾಡಿದೆ. ಉತ್ತರ ಬರಲಿಲ್ಲ. ವಕೀಲರು ಮ್ಯಾಜಿಸ್ಟ್ರೇಟ್ ಕೋರ್ಟಿನಾಗ ಪಿಸಿಆರ್ (ಖಾಸಗಿ ಫಿರ್ಯಾದಿ) ಹಾಕಿದ್ರು. ಜೊತಿಗೆ ಪ್ರಮಾಣಪತ್ರ ಬೇಕೇ ಬೇಕಂತ, ಮೊದಲು ಠಾಣಾಕ್ಕ, ಆಮ್ಯಾಲ ಎಸ್‌ಪಿಗೆ ಹೋಗೀನಿ ಅಂತ. ಮೂರು ಜನರ ಮಾರಾಟದ ಕಾಗದದ ನಕಲು ಸಬ್ ರಿಜಿಸ್ಟ್ರಾರ್ ಆಫೀಸಿನಿಂದ ತೆಗೆಸಿ ಇಟ್ಟಿದ್ದೆ. ತಾರೀಖು ಮೂರೂ ಬ್ಯಾರೆ ಬ್ಯಾರೆ, ಪ್ಲಾಟ್ ನಂಬರ್ ಒಂದೇ. ನ್ಯಾಯಾಧೀಶರು ಎರಡು ನಿಮಿಷ ನೋಡಿ ತನಿಖೆಗೆ ಆದೇಶ ಮಾಡಿದ್ರು. ಮಾರಿದವ ಹೈಕೋರ್ಟಿಗೆ ಹೋಗಿ "ಇದು ಸಿವಿಲ್" ಅಂದ. ಅರ್ಜಿ ವಜಾ ಆಯ್ತು.

ಕರಿಕೋಟು
ಅಕ್ಕ ಮಾಡಿದ್ದು ಪುಸ್ತಕದ ಪ್ರಕಾರ. ಪ್ರಮಾಣಪತ್ರ ಕಡ್ಡಾಯ ಆದದ್ದು 2015ರ ಪ್ರಿಯಾಂಕಾ ಶ್ರೀವಾಸ್ತವ ಕೇಸಿನಿಂದ, ಈಗ ಹೊಸ ಸಂಹಿತೆಯ 175(3)ರಲ್ಲೇ ಬರೆದಿದೆ. ಅಕ್ಕನ ಹಾಗೆ ಮಾರಿದ್ದನ್ನೇ ಮಾರಿದವರಿಗೆ "ಸಿವಿಲ್ ಪರಿಹಾರ ಇದೆ" ಅನ್ನೋ ಮಾತು ರಕ್ಷಣೆ ಕೊಡೋದಿಲ್ಲ. ಒಂದೇ ಘಟನೆ ಸಿವಿಲ್ಲೂ ಆಗಬಹುದು, ಕ್ರಿಮಿನಲ್ಲೂ ಆಗಬಹುದು.

ಇದಕ್ಕೆ ನನಗೆ ಇಷ್ಟದ ಉದಾಹರಣೆ ಒಂದಿದೆ. ಸಿವಿಲ್ ಜಗಳಕ್ಕೆ ಕ್ರಿಮಿನಲ್ ಬಣ್ಣ ಹಚ್ಚಿ ಒತ್ತಡ ಹಾಕೋ ಚಾಳಿ ಹೆಚ್ಚುತ್ತಿದೆ ಅಂತ 2006ರ ಇಂಡಿಯನ್ ಆಯಿಲ್ ಮತ್ತು ಎನ್‌ಇಪಿಸಿ ಕೇಸಿನಲ್ಲಿ ಬರ್ತದೆ. ಆರೋಪಿಯ ಪರ ವಕೀಲರೆಲ್ಲ ಆ ಪ್ಯಾರಾ ಬಾಯಿಪಾಠ ಒಪ್ಪಿಸ್ತಾರೆ, ನಾನೂ ಒಪ್ಪಿಸಿದ್ದೀನಿ. ಆದರೆ ಆ ಕೇಸು ಏನಾಯ್ತು? ವಿಮಾನದ ಇಂಧನದ ಬಾಕಿಗೆ ವಿಮಾನಗಳನ್ನೇ ಭದ್ರತೆ ಇಟ್ಟಿದ್ದರು, ಆಮೇಲೆ ಎಂಜಿನ್ ಬಿಚ್ಚಿದರು ಅನ್ನೋ ಆರೋಪ. ಹೈಕೋರ್ಟ್ ಇಡೀ ಫಿರ್ಯಾದಿ ರದ್ದು ಮಾಡಿತ್ತು. ಸುಪ್ರೀಂ ಕೋರ್ಟ್ ನಂಬಿಕೆ ದ್ರೋಹದಂಥವು ನಿಲ್ಲೋದಿಲ್ಲ ಅಂದಿತು, ಆದರೆ ವಂಚನೆ ಮತ್ತು ನಷ್ಟ ಮಾಡಿದ ಆರೋಪಕ್ಕೆ ಫಿರ್ಯಾದಿ ಮತ್ತೆ ಜೀವಂತ ಮಾಡಿತು! ಪ್ಯಾರಾ ಓದುವವರು ಆ ಕೊನೇ ಪುಟ ಓದೋದಿಲ್ಲ.

ಔರಾದ್_ಬೈಲು
ಮಧ್ಯ ಬಾಯಿ ಹಾಕ್ತೀನಿ, ಮಾಫಿ ಇರಲಿ. ನಮ್ಮ ದೊಡ್ಡಪ್ಪ ನನ್ನ ಪಾಲಿನ ಹೊಲ ತನ್ನದಂತ ಹೇಳಿ ಯಾರಿಗೋ ಮಾರ್ಯಾನ. ಫೋರ್ಜರಿ ಕೇಸ್ ಹಾಕಬಹುದಾ?

ಕರಿಕೋಟು
ತನ್ನ ಹೆಸರಲ್ಲೇ ತಾನೇ ಸಹಿ ಮಾಡಿದ್ದರೆ ಅದು ಸುಳ್ಳು ದಸ್ತಾವೇಜು ಅಲ್ಲ ಅಂತ 2009ರ ಮೊಹಮ್ಮದ್ ಇಬ್ರಾಹಿಂ ತೀರ್ಪು ಹೇಳ್ತದೆ. ನಿಮ್ಮ ಸಹಿ ತಾನೇ ಹಾಕಿದ್ದರೆ, ನಿಮ್ಮ ಬದಲಿಗೆ ಇನ್ನೊಬ್ಬನನ್ನ ನಿಲ್ಲಿಸಿದ್ದರೆ ಅದು ಬೇರೆ. ಮೋಸ ಹೋದವನು ಅಂದರೆ ಕೊಂಡುಕೊಂಡವನು, ನೀವಲ್ಲ. ನಿಮ್ಮದು ಘೋಷಣಾ ದಾವೆ, ಅಂದರೆ ಹಕ್ಕು ನಿಮ್ಮದು ಅಂತ ಸಿವಿಲ್ ಕೋರ್ಟಿನಿಂದ ಹೇಳಿಸಿಕೊಳ್ಳೋದು. ಬೇರೆ ಎಳೆ ಶುರು ಮಾಡಿ ಅಣ್ಣಾ, ಇಲ್ಲಿ ಸೇಡಂ ತಮ್ಮನ ಕೇಸು ಮುಗೀಲಿ.

ತಮ್ಮಾ, ನನಗೆ ಎರಡು ವಿಷಯ ಬೇಕು. ಒಂದು, ಆ ಬಾಂಡಿನಲ್ಲಿ "ಈ ಜಮೀನಿನ ಮೇಲೆ ಬೇರೆ ಯಾರ ಹಕ್ಕು, ತಕರಾರು ಇರುವುದಿಲ್ಲ" ಅನ್ನೋ ಸಾಲು ಇದೆಯಾ? ಎರಡು, ಅತ್ತೆಯಂದಿರು ದಾವೆಗೆ ಮುಂಚೆ ವಕೀಲರ ನೋಟಿಸ್ ಕಳಿಸಿದ್ದರಾ? ಕಳಿಸಿದ್ದರೆ ತಾರೀಖು?

ಸೇಡಂ_ಹುಡುಗ
ಸಾಲು ಅದ ಸರ್. ಅದು ಎಲ್ಲಾ ಬಾಂಡಿನಾಗೂ ಇರ್ತದಲ್ಲ? ನೋಟಿಸ್ ನಂಗ ಗೊತ್ತಿಲ್ಲ, ಅಪ್ಪನ್ನ ಕೇಳಿ ಹೇಳ್ತೀನಿ.

ಗಂಜ್_ಅಡತಿ
ಯಾಕ್ರೀ ವಕೀಲ್ರೇ, ನೋಟಿಸ್ ಇದ್ರೇನು, ಬಿಟ್ರೇನು?

ಕರಿಕೋಟು
ಕಾಯಿರಿ.

ಸೇಡಂ_ಹುಡುಗ
ಮೂರು ದಿನ ಬರೀಲಿಲ್ಲ, ತಪ್ಪು ತಿಳ್ಕೋಬ್ಯಾಡ್ರಿ.

ಅಪ್ಪ ಮೊದಲ "ನೋಟಿಸ್ ಗೀಟಿಸ್ ಏನೂ ಬಂದಿಲ್ಲ" ಅಂದ. ಸೋದರತ್ತಿಗೆ ಫೋನ್ ಹಚ್ಚಿದೆ. ಅಕಿ "ಫೆಬ್ರವರಿದಾಗೇ ಕಳ್ಸೀವಿ, ಸಹಿ ಮಾಡಿ ತೊಗೊಂಡಾನ, ಅಂಚೆಯ ಸ್ವೀಕೃತಿ ಕಾರ್ಡ್ ನಮ್ಮ ವಕೀಲರ ಹತ್ರ ಅದ" ಅಂದ್ಳು. ಅಪ್ಪನ ಟ್ರಂಕ್ ತೆಗೆದೆ. ಬ್ಯಾಂಕ್ ಪಾಸ್‌ಬುಕ್ಕಿನ ಒಳಗ ಮಡಚಿ ಇಟ್ಟಿದ್ದ. ನೋಟಿಸಿನ ತಾರೀಖು 2024 ಫೆಬ್ರವರಿ 9. ಇಸಾರ ತೊಗೊಂಡದ್ದು ಮಾರ್ಚ್ 18.

ಅಪ್ಪಗ ಕೇಳಿದೆ. "ತಂಗಿ ಸಿಟ್ಟಿನಾಗ ಕಳ್ಸ್ಯಾಳ, ಪಂಚಮಿಗೆ ಕರ್ದು ಸೀರಿ ಕೊಟ್ರ ಸುಮ್ನಾಗ್ತಾಳಂತ ತಿಳ್ಕೊಂಡೆ" ಅಂದ. ಮುಂದ ಏನೂ ಮಾತಾಡಲಿಲ್ಲ. ಊಟನೂ ಮಾಡಲಿಲ್ಲ.

ಬೀದರ್_ಅಕ್ಕ
ಅಯ್ಯೋ ತಮ್ಮಾ.

ಗಂಜ್_ಅಡತಿ
ಈಗ ತಿಳೀತು ಯಾಕ ಕೇಳಿದ್ರು ಅಂತ.

ಕರಿಕೋಟು
ತಮ್ಮಾ, ಇದನ್ನ ಇಲ್ಲಿ ಬರೆದದ್ದಕ್ಕೆ ನಿನ್ನ ಮೇಲೆ ಗೌರವ ಹೆಚ್ಚಾಯ್ತು. ಮುಚ್ಚಿಟ್ಟು ಹೈಕೋರ್ಟಿಗೆ ಹೋಗಿದ್ದರೆ ಎದುರಿನವರ ವಕೀಲ ಆ ಕಾರ್ಡ್ ಇಡೋ ದಿನ ಅಪ್ಪನ ಮಾತಿಗೆ ಬೆಲೆ ಇರ್ತಿರಲಿಲ್ಲ.

ಇದರಿಂದ ಅಪ್ಪ ಮೋಸಗಾರ ಅಂತ ಸಾಬೀತು ಆಗೋದಿಲ್ಲ. ತಂಗಿ ಸುಮ್ಮನಾಗ್ತಾಳೆ ಅಂತ ಅವರು ನಿಜವಾಗಿಯೂ ನಂಬಿರಬಹುದು. 3 ಲಕ್ಷ ಬ್ಯಾಂಕಿನ ಮೂಲಕ ತಗೊಂಡಿದ್ದಾರೆ, ಊರು ಬಿಟ್ಟಿಲ್ಲ, ಹೊಲ ಬೇರೆಯವರಿಗೆ ಮಾರಿಲ್ಲ. ಇದೆಲ್ಲ ಅವರ ಪರ. ಆದರೆ ಹಕ್ಕು ಕೇಳಿದ ನೋಟಿಸ್ ಕೈಯಲ್ಲಿಟ್ಟುಕೊಂಡು "ಯಾರ ತಕರಾರೂ ಇಲ್ಲ" ಅಂತ ಸಹಿ ಮಾಡಿದ್ದಾರೆ. ಹೆಣ್ಣುಮಕ್ಕಳಿಗೆ ಹುಟ್ಟಿನಿಂದಲೇ ಪಾಲು ಅಂತ 2005ರ ತಿದ್ದುಪಡಿ ಬಂದು, 2020ರ ವಿನೀತಾ ಶರ್ಮಾ ತೀರ್ಪಿನಲ್ಲಿ ಪಕ್ಕಾ ಆಗಿದೆ, "ಗೊತ್ತಿರಲಿಲ್ಲ" ಅನ್ನೋ ಮಾತು ನಡಿಯೋದಿಲ್ಲ. ಅಪ್ಪನ ಮನಸ್ಸಿನಲ್ಲಿ ಏನಿತ್ತು ಅನ್ನೋದು ಸಾಕ್ಷಿ ನುಡಿದ ಮೇಲೆ ತೀರ್ಮಾನ ಆಗೋ ವಿಷಯ ಅಂತ ಹೈಕೋರ್ಟ್ ಹೇಳಬಹುದು. 528ರಲ್ಲಿ ಅವರು ಸಾಕ್ಷಿ ತೂಗೋದಿಲ್ಲ, ಎಫ್‌ಐಆರ್ ಓದಿ ಅಪರಾಧ ಕಾಣ್ತದಾ ಇಲ್ಲವಾ ಅಷ್ಟೇ ನೋಡ್ತಾರೆ. 406 ಬೀಳ್ತದೆ. 504, 506 ಬೀಳಬಹುದು. 420 ಬೀಳ್ತದೆ ಅಂತ ನಾನು ಹೇಳಲಾರೆ.

ಈಗಲೇ ಮಾಡೋದು: ನಿರೀಕ್ಷಣಾ ಜಾಮೀನು ಹಾಕಿ. ತಡ ಮಾಡದೆ ಖರೀದಿದಾರರನ್ನ ಮಾತಿಗೆ ಕರೆಯಿರಿ. ಠಾಣೆಯ ಬೆಂಚಿನ ಮೇಲೆ ಅಲ್ಲ, ವಕೀಲರ ಆಫೀಸಿನಲ್ಲಿ. ರೊಕ್ಕ ವಾಪಸ್ ಆಗಿ ಇಬ್ಬರೂ ಒಪ್ಪಿದರೆ ಜಂಟಿ ಅರ್ಜಿ ಮೇಲೆ ಹೈಕೋರ್ಟ್ ಕೇಸು ರದ್ದು ಮಾಡಬಹುದು. ಹಣಕಾಸಿನ ಇಂಥ ಜಗಳಕ್ಕೆ ಅದು ನಡೀತದೆ ಅಂತ 2012ರ ಗಿಯಾನ್ ಸಿಂಗ್ ತೀರ್ಪಿನಲ್ಲಿದೆ.

ಶಹಾಪುರ_ಮಾಸ್ತರ
ನಾನು ಒಂದೇ ತಾರೀಖಿಗೆ ಹಾರ್ತದ ಅಂದಿದ್ದೆ. ವಾಪಸ್ ತೊಗೊಂಡೆ.

ನಿವೃತ್ತ_ಜಮಾದಾರ
ರೊಕ್ಕ ಕೊಡೋದಿದ್ರ ಪೂರಾ ಬ್ಯಾಂಕಿನಾಗ ಕೊಡ್ರಿ. ಕೈಯಾಗ ತೊಗೊಂಡ 2 ಲಕ್ಷನೂ ಸಹ. ಕೈಯಾಗಿಂದ ಕೈಗೆ ಕೊಟ್ಟು ಆಮ್ಯಾಲ "ಕೊಟ್ಟೇ ಇಲ್ಲ" ಅಂದವರನ್ನ ಭಾಳ ನೋಡೀನಿ.

ಗಂಜ್_ಅಡತಿ
ಒಂದು ಲೆಕ್ಕಕ್ಕ ನಮ್ಮ ಪುಣ್ಯ, ಪೀಠ ಇಲ್ಲೇ ಅದ. 2008ಕ್ಕ ಮೊದಲ ಇಂಥ ಒಂದು ಅರ್ಜಿಗೆ ನಮ್ಮಪ್ಪ ಉದ್ಯಾನ್ ಎಕ್ಸ್‌ಪ್ರೆಸ್ ಹತ್ತಿ ಬೆಂಗಳೂರಿಗೆ ನಾಲ್ಕು ಸಲ ಹೋಗಿದ್ದ. ವಕೀಲರ ಫೀಗಿಂತ ಲಾಡ್ಜಿಂದೇ ಜಾಸ್ತಿ ಆಗಿತ್ತು. 2013ಕ್ಕ ಕಾಯಂ ಪೀಠ ಆಯ್ತು. ಈಗ ಬೀದರ್, ಯಾದಗಿರಿ, ರಾಯಚೂರು, ವಿಜಯಪುರದವರೂ ಇಲ್ಲೇ ಬರ್ತಾರ.

ಬೀದರ್_ಅಕ್ಕ
ತಮ್ಮಾ, ಖರೀದಿ ಮಾಡಿದವರಿಗೂ ಒಂದು ಮನಿ, ಮಕ್ಕಳು ಅದಾರಂತ ನೆನಪಿಡು. ವರ್ಷ ಕಾದಾರ ಅವರು. ನಾನು ಕಾದವಳು, ಅದಕ್ಕ ಹೇಳ್ದೆ.

ಸೇಡಂ_ಹುಡುಗ
ಹೌದ್ರಿ ಅಕ್ಕಾ. ಎಫ್‌ಐಆರ್ ಬಂದಾಗಿನಿಂದ ಅವರನ್ನ ದುಶ್ಮನ್ ಅಂತಾನೇ ತಿಳ್ಕೊಂಡಿದ್ದೆ.

ಸೇಡಂ_ಹುಡುಗ
ಇಪ್ಪತ್ತು ದಿನದ ಮ್ಯಾಲ ಬರೀಲತ್ತೀನಿ.

ನಿರೀಕ್ಷಣಾ ಜಾಮೀನು ಸೆಷನ್ಸ್ ಕೋರ್ಟಿನಾಗ ಆಯ್ತು. ಖರೀದಿದಾರರು ಮೊದಲ ಬರಲ್ಲ ಅಂದ್ರು, ಅಪ್ಪ ತಾನೇ ಅವರ ಮನಿಗೆ ಹೋದ, ನೋಟಿಸಿನ ವಿಷಯ ತಾನೇ ಹೇಳ್ದ. ಎರಡು ದಿನ ಬಿಟ್ಟು ಅವರು ವಕೀಲರ ಆಫೀಸಿಗೆ ಬಂದ್ರು. ದಾಮ್‌ದುಪ್ಪಟ್ (ಎರಡು ಪಟ್ಟು) ಕೇಳಿದ್ರು, 5 ಲಕ್ಷಕ್ಕ ಮ್ಯಾಲ 60 ಸಾವಿರ ಅಂತ ಮುಗೀತು. ಎತ್ತಿನ ಜೋಡಿ ಮಾರಿ, ಸೊಸೈಟಿದಾಗ ಸಾಲ ಮಾಡಿ 3 ಲಕ್ಷ ಹೋದ ವಾರ ಆರ್‌ಟಿಜಿಎಸ್ ಮಾಡೀವಿ. ಉಳಿದದ್ದು ತೊಗರಿ ರಾಶಿ ಆದ ಮ್ಯಾಲ, ಜನವರಿ ಕಡೀಕ. ಅದು ಮುಟ್ಟಿದ ದಿನ ಜಂಟಿ ಅರ್ಜಿಗೆ ಸಹಿ.

ವಕೀಲರು ಕರಡು ಓದ್ಲತ್ತಿದ್ರು. "ಅವಾಚ್ಯ ಶಬ್ದಗಳಿಂದ ಬೈದು, ಜೀವ ಬೆದರಿಕೆ ಹಾಕಿ" ಅನ್ನೋ ಜಾಗಕ್ಕ ಬಂದಾಗ ಖರೀದಿದಾರರು ಅಪ್ಪನ ಮಾರಿ ನೋಡಿ ನಕ್ಕುಬಿಟ್ರು. "ಅದು ಬರೆಯವ ಬರ್ದಾನ್ರೀ, ಈ ಮನುಷ್ಯಾ ನಂಗ ಯಾವಾಗ ಬೈದಾನ? ಹೋದಾಗೆಲ್ಲ ಚಾ ಕುಡಿಸ್ಯಾನ" ಅಂದ್ರು.

ಜಮಾದಾರ್ ಕಾಕಾ, ನಿಮ್ಮ ನೆನಪಾಯ್ತು.

ನಿವೃತ್ತ_ಜಮಾದಾರ
😂 ಚಾ ಕುಡಿಸಿದ್ದಕ್ಕ ಸೆಕ್ಷನ್ ಇಲ್ಲ ತಮ್ಮಾ. ರಾಶಿ ಛಲೋ ಬರ್ಲಿ.